ಭೋಂಗಾ ಕೂಗಿದಾಗ ಬಡಿದ ರೊಟ್ಟಿ

ಸಿನಿಮಾದಲ್ಲಿ ನನ್ನನ್ನು ನೋಡಿದವರು ಬಹಳ ಮಂದಿ ಇದ್ದಾರೆ. ಕೇಳಿದವರು ಮಾತ್ರ ಯಾರೂ ಇರಲಿಲ್ಲ. ತೆರೆಯ ಮೇಲೆ ಬಾಯಿ ನನ್ನದು, ಅದರಿಂದ ಹೊರಡುವ ದನಿ ಬೆಂಗಳೂರಿನ ಯಾವಳೋ ಪುಣ್ಯಾತ್ಗಿತ್ತಿಯದು. ಆಕೆಯನ್ನು ನಾನು ಕಂಡಿಲ್ಲ. ಕಂಡರೆ ಮೊದಲು ಚಹಾ ಕುಡಿಸಿ, ಆಮೇಲೆ ಜಗಳ ತೆಗೆಯುತ್ತೇನೆ.

ಬಾಡಿಗೆ ಕೇಳಲು ಬಾಗಿಲಿಗೆ ಬರುವ ಮನೆಯೊಡತಿ, ಸಾವಿನ ಮನೆಯಲ್ಲಿ ಎಲ್ಲರಿಗಿಂತ ಮೊದಲು ಅಳಲು ಶುರು ಮಾಡುವ ನೆರೆಯವಳು, ನಾಯಕಿಯ ಗುಟ್ಟನ್ನು ಓಣಿಗೆಲ್ಲ ಹಂಚುವ ಸೋದರತ್ತೆ, ಆಸ್ಪತ್ರೆಯ ಆಯಾ, ಇವೆಲ್ಲ ನಾನೇ. ಪೋಸ್ಟರಿನಲ್ಲಿ ನನ್ನ ಮುಖ ಇರುವುದಿಲ್ಲ. ಒಂದು ಸಿನಿಮಾದಲ್ಲಿ ಒಂದು ದೃಶ್ಯ, ಹೆಚ್ಚೆಂದರೆ ಎರಡು. ಆದರೆ ನಾನಿರುವ ದೃಶ್ಯದಲ್ಲಿ ನಿಮ್ಮ ಕಣ್ಣು ಬೇರೆಯವರ ಮೇಲೆ ಹೋದರೆ ಹೇಳಿ, ಅವತ್ತೇ ನಟನೆ ಬಿಡುತ್ತೇನೆ. ಇದನ್ನು ಜಂಬ ಅನ್ನಬೇಡಿ. ರೊಟ್ಟಿ ಬಡಿಯಲು ಬರುವವಳು ನನಗೆ ಬರುತ್ತದೆ ಅಂದರೆ ಅದಕ್ಕೆ ಯಾರೂ ಜಂಬ ಅನ್ನುವುದಿಲ್ಲ.

ನಿಜ ಹೇಳಬೇಕೆಂದರೆ ನಾನು ಮೊದಲು ಖಾನಾವಳಿಯವಳು, ಈಗಲೂ ಖಾನಾವಳಿಯವಳೇ. ಧಾರವಾಡದ ಕಡೆಯಿಂದ ಮದುವೆಯಾಗಿ ದಾಂಡೇಲಿಗೆ ಬಂದೆ. ನನ್ನ ಗಂಡ ಇಲ್ಲಿಯ ಕಾಗದದ ಮಿಲ್ಲಿನಲ್ಲಿ ಕೆಲಸಕ್ಕಿದ್ದರು. ಬಂದ ಹೊಸದರಲ್ಲಿ, ಎತ್ತ ನೋಡಿದರೂ ಅಡವಿ, ಗಾಳಿಗೆಲ್ಲ ಮಿಲ್ಲಿನ ವಾಸನೆ, ಇದೆಂಥ ಊರಪ್ಪಾ ಎಂದು ಮೂಗು ಮುರಿದಿದ್ದೆ. ಆಮೇಲೆ ತವರಿಗೆ ಹೋದಾಗ ಅಲ್ಲಿಯ ಗಾಳಿಯೇ ಸಪ್ಪೆ ಅನಿಸಲು ಶುರುವಾಯಿತು.

ಪಾಳಿ ಬದಲಾಗುವಾಗ ಮಿಲ್ಲಿನಲ್ಲಿ ಸೈರನ್ ಕೂಗುತ್ತದೆ. ಅದಕ್ಕೆ ನಾವು ಭೋಂಗಾ ಅನ್ನುತ್ತೇವೆ. ಕಾಲನಿಯ ಹೆಂಗಸರಿಗೆ ಅದೇ ಗಡಿಯಾರ. ಭೋಂಗಾ ಆಯಿತೆಂದರೆ ಗಂಡ ಕೈಕಾಲು ತೊಳೆದು ಹೊರಬೀಳುತ್ತಾನೆ; ಗೇಟು ದಾಟಿ, ಗೆಳೆಯರ ಜೊತೆ ನಾಲ್ಕು ಮಾತಾಡಿ ಮನೆಗೆ ಬರುವಷ್ಟರಲ್ಲಿ ಬಿಸಿ ರೊಟ್ಟಿ ತಾಟಿಗೆ ಬೀಳಬೇಕು. ನಳದ ಹತ್ತಿರ ಜಡೆ ಹಿಡಿದು ಜಗಳಾಡುತ್ತಿದ್ದವರು ಕೂಡ ಭೋಂಗಾ ಕೇಳಿದ್ದೇ ಜಡೆ ಬಿಟ್ಟು ಒಳಗೆ ಓಡುತ್ತಿದ್ದರು. ಉಳಿದ ಜಗಳ ಊಟವಾದ ಮೇಲೆ.

ರೊಟ್ಟಿ ಬಡಿಯುವಾಗ ನನಗೊಂದು ಚಾಳಿ. ರೊಟ್ಟಿ ಅಗಲವಾದ ಮೇಲೆ ಕೈಗಂಟಿದ ಹಿಟ್ಟು ಉದುರಿಸಲು ಹಿಟ್ಟು ನಾದುವ ಪರಾತದ ಅಂಚಿಗೆ ಉಂಗುರದಿಂದ ಟಕ್ ಟಕ್ ಎಂದು ಬಡಿಯುತ್ತೇನೆ. ಯಾರೂ ಕಲಿಸಿದ್ದಲ್ಲ. ಅತ್ತೆ ಇದ್ದಾಗ ಉಂಗುರ ಸವೆಯುತ್ತದೆ ಎಂದು ಬೈಯುತ್ತಿದ್ದರು. ನನ್ನ ಗಂಡನ ಗೆಳೆಯರಂತೂ ಓಣಿಯ ತುದಿಯಲ್ಲೇ ನಿಂತು ಚಾಷ್ಟಿ ಮಾಡುತ್ತಿದ್ದರಂತೆ: "ಹೋಗಪಾ, ನಿನ್ನ ಹೇಣ್ತಿ ತಾರ್ ಆಫೀಸಿನಂಗ ಟಕ್ ಟಕ್ ತಾರ್ ಕಳಸಾಕತ್ತಾಳ."

ಮುಂದೆ ನನ್ನ ಗಂಡನ ಸಕ್ಕರೆ ಕಾಯಿಲೆ ಕಣ್ಣಿಗೆ ಇಳಿಯಿತು. ಹುಬ್ಬಳ್ಳಿಗೆ ಎಷ್ಟು ಸಲ ಅಡ್ಡಾಡಿದೆವೋ ದೇವರಿಗೇ ಗೊತ್ತು. ಮೊದಲು ಅಕ್ಷರ ಹೋದವು, ಆಮೇಲೆ ಮುಖಗಳು, ಕೊನೆಗೆ ಬೆಳಕು. ಅವರು ಕೆಲಸ ಬಿಟ್ಟ ಮೇಲೆ ನಾನು ಗ್ಯಾರೇಜುಗಳ ಸಾಲಿನಲ್ಲಿ ಖಾನಾವಳಿ ತೆಗೆದೆ. ಅವರು ದುಡ್ಡಿನ ಗಲ್ಲೆಯ ಹತ್ತಿರ ಕುರ್ಚಿ ಹಾಕಿಕೊಂಡು, ಬಂದವರ ಚಪ್ಪಲಿಯ ಸಪ್ಪಳದಿಂದಲೇ ಇಂಥವನೇ ಎಂದು ಗುರುತು ಹಿಡಿದು ಮಾತಾಡಿಸುತ್ತ ಕೂತರು. ಅವರಿಗೆ ಯಾರ ಕನಿಕರವೂ ಬೇಕಿರಲಿಲ್ಲ. ನನಗಂತೂ ಕನಿಕರ ಪಡಲು ಪುರಸೊತ್ತೇ ಇರಲಿಲ್ಲ.

ಸಿನಿಮಾದವರು ಸಿಕ್ಕಿದ್ದು ಆ ಖಾನಾವಳಿಯಲ್ಲೇ. ಜೋಯಿಡಾದ ಕಡೆ ಶೂಟಿಂಗಿಗೆಂದು ಬಂದವರು ನಮ್ಮಲ್ಲಿ ಊಟಕ್ಕೆ ಬರುತ್ತಿದ್ದರು. ದೊಡ್ಡ ಸಿನಿಮಾದವರಲ್ಲ, ಇವರ ಕ್ಯಾಮೆರಾ, ಲೈಟು, ಹೀರೋ ಎಲ್ಲ ಒಂದೇ ಟೆಂಪೋದಲ್ಲಿ ಬರುತ್ತವೆ. ಒಬ್ಬ ಹುಡುಗ ಅರ್ಧ ರೊಟ್ಟಿ ತಾಟಿನಲ್ಲಿ ಬಿಟ್ಟು ಎದ್ದ. ಅವನ ವಂಶದ ಹಿರಿಯರನ್ನೆಲ್ಲ ನೆನೆದು, ಒಂದೂ ಕೆಟ್ಟ ಶಬ್ದ ಬಳಸದೆ, ಅವನು ಮತ್ತೆ ಕೂತು ಆ ರೊಟ್ಟಿ ತಿನ್ನುವ ಹಾಗೆ ಬೈದೆ. ಅವರ ನಿರ್ದೇಶಕ ಕೈ ತೊಳೆಯುವುದನ್ನೂ ಮರೆತು ನೋಡುತ್ತಿದ್ದ.

"ಕಾಕು, ಹಿಂಗ ಕ್ಯಾಮೆರಾದ ಮುಂದ ಬೈತೀರೇನ್ರಿ?"

"ಅಲ್ಲೂ ಯಾರರ ಅನ್ನ ಬಿಟ್ರ ಬೈತೇನಿ," ಅಂದೆ.

ಮರುದಿನ ಅಣಶಿಗೆ ಕರೆದುಕೊಂಡು ಹೋದರು. ಅಲ್ಲಿಂದ ಶುರು. ಒಬ್ಬರು ಇನ್ನೊಬ್ಬರಿಗೆ ಹೇಳಿ, ವರ್ಷಕ್ಕೆ ಒಂದೋ ಎರಡೋ ಸಿನಿಮಾ ಬರತೊಡಗಿದವು. ಅಣಶಿಯಲ್ಲಿ ಕಾಲಿಗೆ ಹತ್ತಿದ ಉಂಬಳಕ್ಕೆ ಒಬ್ಬ ಮುದುಕಿ ಉಪ್ಪು ತಂದುಕೊಟ್ಟು, ಸಿನಿಮಾದ ನಾಯಕಿ ನೀನೇನು ಎಂದು ಕೊಂಕಣಿಯಲ್ಲಿ ಕೇಳಿದಳು. ಹೌದು ಅಂದೆ. ತೇರಗಾಂವದ ಗೋವಿನಜೋಳದ ಹೊಲದಲ್ಲಿ ಬಿಸಿಲಿಗೆ ನಿಂತು ತಮ್ಮನ ಹೆಂಡತಿಗೆ ಶಾಪ ಹಾಕಿದೆ. ಮುಂಡಗೋಡದ ಹತ್ತಿರ ಸನವಳ್ಳಿಯ ನೀರಿನಲ್ಲಿ ಸೊಂಟದವರೆಗೆ ನಿಂತು ಬಟ್ಟೆ ಒಗೆದೆ. ಅವು ನಾಯಕಿಯ ಬಟ್ಟೆಗಳಾದ್ದರಿಂದ ಸ್ವಚ್ಛವಾಗಿಯೇ ಒಗೆಯಬೇಕಾಯಿತು. ಸೀರೆ ಬದಲಿಸುವುದು ಯಾರದಾದರೂ ಅಡಿಗೆಮನೆಯ ಬಾಗಿಲ ಹಿಂದೆ. ಅದಕ್ಕೆಲ್ಲ ನನ್ನ ತಕರಾರಿಲ್ಲ. ಕುಣಿಯಲು ಬಾರದವಳು ನೆಲ ಡೊಂಕು ಅಂದಳಂತೆ, ನನಗೆ ಕುಣಿಯಲು ಬರುತ್ತಿತ್ತು.

ನಟನೆ ನನಗೆ ಯಾರೂ ಹೇಳಿಕೊಟ್ಟಿಲ್ಲ. ನನ್ನ ಪದ್ಧತಿ ಒಂದೇ. ಶೂಟಿಂಗಿನ ಮನೆಗೆ ಹೋದ ಕೂಡಲೇ ಮೊದಲು ಅಡಿಗೆಮನೆ ನೋಡುತ್ತೇನೆ. ಉಪ್ಪಿನ ಡಬ್ಬಿ ಎಲ್ಲಿ, ಕಡ್ಡಿಪೆಟ್ಟಿಗೆ ಎಲ್ಲಿ, ಕೈ ಒರೆಸುವ ಅರಿವೆ ಎಲ್ಲಿ ತೂಗುತ್ತದೆ, ತಿಳಿದುಕೊಳ್ಳುತ್ತೇನೆ. ಬೇಕಾದರೆ ನನ್ನ ಖಾನಾವಳಿಯ ಪಾತ್ರೆಗಳನ್ನೇ ಒಯ್ದು ಜೋಡಿಸುತ್ತೇನೆ. ಆಮೇಲೆ ಬಾಯಿ ಮಾತಾಡುತ್ತಿದ್ದರೆ ಕೈ ತನ್ನಷ್ಟಕ್ಕೆ ತಾನು ಕೆಲಸ ಮಾಡುತ್ತಿರುತ್ತದೆ. ಕೈ ಸುಮ್ಮನಿದ್ದ ಹೆಂಗಸನ್ನು ನಮ್ಮ ಕಡೆ ಯಾರೂ ನಂಬುವುದಿಲ್ಲ, ಸಿನಿಮಾದಲ್ಲಿ ಯಾಕೆ ನಂಬಬೇಕು?

ಎಲ್ಲ ಚೆನ್ನಾಗಿತ್ತು, ಆ ದನಿಯ ವಿಷಯ ಒಂದು ಬಿಟ್ಟು. ಶೂಟಿಂಗ್ ಜಾಗದ ಗದ್ದಲದಲ್ಲಿ ಮಾತು ಸರಿಯಾಗಿ ಹಿಡಿಯುತ್ತಿರಲಿಲ್ಲವಂತೆ. ಆಮೇಲೆ ಬೆಂಗಳೂರಿನಲ್ಲಿ ಕೂತು ದನಿ ಸೇರಿಸಬೇಕು. ಅಷ್ಟಕ್ಕಾಗಿ ನನ್ನನ್ನು ಅಲ್ಲಿಯವರೆಗೆ ಕರೆಸುವವರು ಯಾರು? ಅಲ್ಲೇ ಸಿಕ್ಕ ಒಬ್ಬಳು ಓದಿಬಿಡುತ್ತಿದ್ದಳು.

ಮೊದಲನೆಯ ಸಿನಿಮಾ ನಾವು ನೋಡಿದ್ದು ಪಕ್ಕದ ಗ್ಯಾರೇಜಿನ ಭಾಯಿಯ ಮನೆಯಲ್ಲಿ. ಅವರೇ ಟಿವಿಗೆ ಏನೇನೋ ವಾಯರು ಸಿಗಿಸಿ ಹಚ್ಚಿಕೊಟ್ಟರು. ನನ್ನ ಗಂಡ ಬಿಳಿ ಅಂಗಿ ಹಾಕಿಕೊಂಡು, ಮದುವೆ ಮನೆಗೆ ಬಂದವರ ಹಾಗೆ ನೆಟ್ಟಗೆ ಕೂತಿದ್ದರು. ನನ್ನ ದೃಶ್ಯ ಬಂತು, ಹೋಯಿತು. ಅವರು ಕಾಯುತ್ತಲೇ ಇದ್ದರು.

"ನೀ ಯಾವಾಗ ಬರ್ತಿ?" ಎಂದರು.

"ಬಂದು ಹೋದೆ ಅಲ್ರೀ, ಈಗ ಬೈದಾಕಿ ನಾನ."

"ಅಕಿ ಯಾಕ ನೀ ಆಗ್ತಿ? ಅಕಿ ಯಾರೋ ಬ್ಯಾಂಕಿನ್ಯಾಗ ನೌಕರಿ ಮಾಡಾಕಿ ಇದ್ದಂಗ ಐತಿ."

ಗ್ಯಾರೇಜಿನ ಭಾಯಿ ಅತ್ತ ತಿರುಗಿ ನಕ್ಕರು. "ಭಾಭಿ, ಆವಾಜ್ ಅಸಲಿ ಪಾರ್ಟ್ ಅಲ್ಲ. ಡೂಪ್ಲಿಕೇಟ್ ಹಾಕ್ಯಾರ."

ಅವತ್ತಿನಿಂದ ಒಂದು ರೂಢಿಯಾಯಿತು. ನನ್ನ ಯಾವುದೇ ಸಿನಿಮಾಕ್ಕೆ ಕೂತರೂ ಅವರ ಕೈ ನನ್ನ ಕೈಯಲ್ಲಿ. ನಾನು ತೆರೆಗೆ ಬಂದಾಗ ಹಿಚುಕಬೇಕು, ಹೋದಾಗ ಬಿಡಬೇಕು. ಹಿಚುಕಿದಾಗ ಅವರು ಮುಖ ಎತ್ತಿ, ಆ ಪರದೇಶಿ ದನಿಯೊಳಗೆ ನನ್ನನ್ನು ಹುಡುಕುತ್ತಿದ್ದರು. ಆ ಮುಖ ನೋಡಲಾರದೆ ನಾನು ತೆರೆಯ ಕಡೆ ತಿರುಗುತ್ತಿದ್ದೆ. "ಹಲ್ಲಿದ್ದಾಗ ಕಡಲಿ ಇಲ್ಲ, ಕಡಲಿ ಬಂದಾಗ ಹಲ್ಲಿಲ್ಲ," ಎಂದು ಅವರೇ ನಗಿಸಲು ನೋಡುತ್ತಿದ್ದರು. ನನಗೆ ಪ್ರಶಸ್ತಿಯ ಆಸೆ ಇರಲಿಲ್ಲ. ಒಂದೇ ಒಂದು ಸಿನಿಮಾದಲ್ಲಿ ಇವರು ಕೈ ಹಿಚುಕಿಸಿಕೊಳ್ಳದೆ ನನ್ನನ್ನು ಗುರುತಿಸಬೇಕು, ಅಷ್ಟೇ ಬೇಕಾಗಿತ್ತು.

ಹಾಗಿರುವಾಗ ಧಾರವಾಡದ ಒಬ್ಬ ಹುಡುಗಿ ಬಂದಳು. ಅವಳೇ ನಿರ್ದೇಶಕಿ. ಅವಳ ಸಿನಿಮಾದಲ್ಲಿ ನನಗೆ ಒಂದೇ ದೊಡ್ಡ ದೃಶ್ಯ. ಮಿಲ್ಲಿನ ಕೆಲಸಗಾರನೊಬ್ಬ ತೀರಿಕೊಂಡಿದ್ದಾನೆ, ಹೆಂಡತಿ ಕ್ವಾರ್ಟರ್ಸ್ ಖಾಲಿ ಮಾಡಬೇಕು. ಮಗಳು ಬಂದು, ನನ್ನ ಜೊತೆ ಬಾ ಅನ್ನುತ್ತಾಳೆ. ತಾಯಿ ಯಾಕೆ ಬರುವುದಿಲ್ಲ ಎಂದು ಹೇಳುತ್ತಾಳೆ. ಆ ಹೇಳುವುದೇ ಒಂದು ಪುಟದಷ್ಟು ಮಾತು. ಅದು ಬಿಟ್ಟರೆ ಆ ತಾಯಿ ಒಂದೆರಡು ಕಡೆ ಸುಮ್ಮನೆ ಕಿಟಕಿಯಲ್ಲಿ ಕಾಣಿಸುತ್ತಾಳೆ.

ನಾನು ಮೊದಲು ಕೇಳಿದ್ದು ದನಿಯ ಬಗ್ಗೆ. "ಇಲ್ಲೇ ಹಿಡಿಯೂದು, ಇಲ್ಲಿದ್ದೇ ಇರೂದು ಕಾಕು. ನಿಮ್ಮ ಬಾಯಿಗೆ ಬ್ಯಾರೆ ದನಿ ಹಚ್ಚಿದ್ರ ನನ್ನ ಕೈ ಬಿದ್ದು ಹೋಗಲಿ," ಅಂದಳು.

ಹುಡುಗಿ ಸೇರಿದಳು ನನಗೆ.

ಆ ಒಂದು ಪುಟದ ಮಾತನ್ನು ಖಾನಾವಳಿಯಲ್ಲಿ ಬಡಿಸುತ್ತ, ಹಿಟ್ಟು ನಾದುತ್ತ ಬಾಯಿಪಾಠ ಮಾಡಿದೆ. ಗಲ್ಲೆಯ ಹತ್ತಿರ ಕೂತ ನನ್ನ ಗಂಡನಿಗೆ ನನಗಿಂತ ಮೊದಲು ಬಾಯಿಗೆ ಬಂತು. ನಾನು ಎಡವಿದಲ್ಲಿ ಶಾಲೆಯ ಮಾಸ್ತರರ ಹಾಗೆ ಮೇಜು ಕುಟ್ಟುತ್ತಿದ್ದರು. "ನಿಮ್ಮಪ್ಪ ಸತ್ತಾನ, ನಾ ಸತ್ತಿಲ್ಲ" ಎಂಬ ಸಾಲು ಬಂದಾಗಲಂತೂ ಊಟ ಮಾಡುತ್ತಿದ್ದ ಗಿರಾಕಿಗಳು ತುತ್ತು ಕೈಯಲ್ಲೇ ಹಿಡಿದು ಕೂರುತ್ತಿದ್ದರು. "ಇದನ್ನ ಪಿಕ್ಚರಿನ್ಯಾಗ ಕೇಳಬೇಕು ನೋಡ," ಎಂದು ಅವರು ದಿನಾ ಅನ್ನುತ್ತಿದ್ದರು.

ಶೂಟಿಂಗ್ ನಡೆದದ್ದು ಮಿಲ್ಲಿಗೆ ಹತ್ತಿರದ ಒಂದು ಹಳೆಯ ಮನೆಯಲ್ಲಿ. ಎಂದಿನಂತೆ ಅಡಿಗೆಮನೆ ನಾನೇ ಜೋಡಿಸಿದೆ. ನನ್ನ ಹಂಚು, ನನ್ನ ಪರಾತ, ಡಬ್ಬಿಯಲ್ಲಿ ನನ್ನ ಜೋಳದ ಹಿಟ್ಟು. ಒಲೆಯ ಮೇಲೆ ಎಸರು ಕುದಿಯುತ್ತಿರಲಿ, ಮನೆ ಅನಿಸುತ್ತದೆ ಎಂದೂ ಹೇಳಿದೆ. ಭೋಂಗಾದ ಹೊತ್ತನ್ನು ಕೇಳಿಕೊಂಡು, ಅದಕ್ಕಿಂತ ಮೊದಲು ದೃಶ್ಯ ಮುಗಿಸುವುದೆಂದು ನಿರ್ದೇಶಕಿ ಲೆಕ್ಕ ಹಾಕಿದ್ದಳು. ಅವತ್ತು ಕರೆಂಟು ಕೈಕೊಟ್ಟು ತಡವಾಯಿತು. "ಚಿಂತಿ ಮಾಡಬ್ಯಾಡ, ಒಂದ ಸಲಕ್ಕ ಮುಗಿಸಿ ಕೊಡ್ತೇನಿ," ಎಂದು ನಾನು ಭರವಸೆ ಕೊಟ್ಟೆ.

ಮಗಳ ಪಾತ್ರದವಳು ತನ್ನ ಮಾತು ಹೇಳಿದಳು: "ಇಲ್ಲೆ ಯಾರದಾರ ಅವ್ವಾ ನಿನಗ? ನಡಿ, ಹೋಗೂಣು." ನಾನು ಅವಳನ್ನು ನೋಡಿದೆ. ಕೂಡಲೇ ಮಾತಾಡಬಾರದು, ಸ್ವಲ್ಪ ಹೊತ್ತು ನೋಡಬೇಕು, ಆಗಲೇ ಮಾತಿಗೆ ತೂಕ ಬರುತ್ತದೆ ಎಂದು ನಾನೇ ಠರಾಯಿಸಿಕೊಂಡಿದ್ದೆ. ನೋಡಿದೆ. ಇನ್ನೇನು ಬಾಯಿ ತೆರೆಯಬೇಕು, ಭೋಂಗಾ ಕೂಗಿತು.

ಬೇರೆ ಊರಿನ ನಟಿಯಾಗಿದ್ದರೆ ನಿಲ್ಲಿಸಿ ನಿರ್ದೇಶಕಿಯ ಮುಖ ನೋಡುತ್ತಿದ್ದಳು. ನಾನು ಎದ್ದೆ. ಸೆರಗು ಸೊಂಟಕ್ಕೆ ಸಿಗಿಸಿ ಒಳಗೆ ಹೋದೆ. ಒಲೆಯ ಮೇಲೆ ಹಂಚು ಇಟ್ಟೆ, ಹಿಟ್ಟಿಗೆ ಎಸರು ಸುರಿದೆ, ನಾದಿದೆ, ಬಡಿದೆ. ಪರಾತದ ಅಂಚಿಗೆ ಉಂಗುರ ಬಡಿದು ರೊಟ್ಟಿಯನ್ನು ಹಂಚಿಗೆ ಹಾಕಿ, ಮೇಲೆ ನೀರು ಸವರಿ, ಇವರು ಇನ್ನೂ ಯಾಕೆ ಬರಲಿಲ್ಲ ಎಂದು ಬಾಗಿಲ ಕಡೆ ತಿರುಗಿದೆ. ಬಾಗಿಲಲ್ಲಿ ಕ್ಯಾಮೆರಾ ಇತ್ತು.

ಆಗ ಎಚ್ಚರಾಯಿತು. ಈ ಕತೆಯಲ್ಲಿ ಆ ಮನುಷ್ಯ ಸತ್ತಿದ್ದಾನೆ. ಯಾರಿಗೆ ಈ ರೊಟ್ಟಿ? ನಿರ್ದೇಶಕಿ ಕೈಯಿಂದ ಬಾಯಿ ಮುಚ್ಚಿಕೊಂಡು ನಿಂತಿದ್ದಳು. ಸೌಂಡಿನವನು ಕಿವಿಯ ಮೇಲಿನ ಹೆಡ್‌ಫೋನ್ ಒತ್ತಿ ಹಿಡಿದಿದ್ದ. ಮಗಳ ಪಾತ್ರದವಳ ಕಣ್ಣಲ್ಲಿ ನೀರು.

"ತಪ್ಪಾತ ತಂಗಿ," ಅಂದೆ. "ಅವ ಸತ್ತಾನಂತ ಮರತಬಿಟ್ಟೆ."

"ಇರಲಿ ಕಾಕು. ಇನ್ನೊಮ್ಮೆ ಮಾಡೂಣು," ಎಂದಳು ನಿರ್ದೇಶಕಿ, ದನಿ ಸರಿಮಾಡಿಕೊಂಡು.

ಎರಡನೆಯ ಸಲ ಇಡೀ ಪುಟದ ಮಾತನ್ನು ಒಂದು ಉಸಿರೂ ತಪ್ಪದೆ ಹೇಳಿದೆ. ಮುಗಿದಾಗ ಎಲ್ಲರೂ ಚಪ್ಪಾಳೆ ತಟ್ಟಿದರು. ತಪ್ಪಾಗಿ ಬಡಿದ ರೊಟ್ಟಿಯನ್ನು ಚಟ್ನಿ ಹಚ್ಚಿ ಹಂಚಿಕೊಂಡು ತಿಂದರು. ಮನೆಗೆ ಬಂದು ಗಂಡನಿಗೆ, "ಈ ಸಲ ನಾನ ಮಾತಾಡೇನಿ. ಕಿವಿ ಸ್ವಚ್ಛ ಮಾಡ್ಕೊಂಡು ಕೂಡ್ರಿ," ಅಂದೆ. ರೊಟ್ಟಿಯ ಪ್ರಸಂಗ ಹೇಳಲಿಲ್ಲ. ನಟಿಯಾಗಿ ಅದು ನನಗೆ ಮರ್ಯಾದೆಯ ಮಾತಾಗಿರಲಿಲ್ಲ.

ಕೆಲವು ತಿಂಗಳು ಕಳೆದು, ಮಳೆಗಾಲ ಮುಗಿದ ಮೇಲೆ, ನಿರ್ದೇಶಕಿ ಖಾನಾವಳಿಗೆ ಬಂದಳು. ನನ್ನ ಗಂಡ ಗ್ಯಾರೇಜಿನ ಭಾಯಿಯ ಹತ್ತಿರ ಹರಟಲು ಹೋಗಿದ್ದರು. ಅವಳು ಊಟಕ್ಕೆ ಕೂರದೆ ಅಡಿಗೆಮನೆಗೇ ಬಂದು ನಿಂತಳು.

"ಕಾಕು, ಒಂದು ಮಾತು ಹೇಳ್ತೇನಿ. ಸಿಟ್ಟ ಮಾಡ್ಕೋಬ್ಯಾಡ್ರಿ."

"ಸಿಟ್ಟ ಬರೂ ಮಾತಿದ್ರ ಮಾಡ್ಕೊಳ್ಳಾಕ ಬೇಕು. ಹೇಳು."

"ನಿಮ್ಮ ಆ ಮಾತೆಲ್ಲಾ ತಗದೇನ್ರಿ. ಭೋಂಗಾ ಆದಾಗ ರೊಟ್ಟಿ ಬಡದ್ರೆಲ್ಲ, ಅದನ್ನ ಇಟ್ಟೇನಿ."

ನನ್ನ ಕೈಯಲ್ಲಿದ್ದ ಸೌಟು ಕೆಳಗಿಟ್ಟೆ. "ಅದು ನಟನೆ ಅಲ್ಲವಾ, ತಪ್ಪದು. ಸತ್ತಾವಗ ಯಾರರ ರೊಟ್ಟಿ ಬಡೀತಾರೇನು?"

"ಮಗಳು 'ಇಲ್ಲೆ ಯಾರದಾರ' ಅಂದ್ಲು. ನೀವು ಉತ್ತರಾ ಕೊಟ್ಟುಬಿಟ್ರಿ ಕಾಕು. ಆಮ್ಯಾಲ ಎಷ್ಟ ಮಾತಾಡಿದ್ರೂ ಅದಕ್ಕಿಂತ ಕಡಿಮಿ ಆಗಾಕತ್ತಿತ್ತು. ಭಾಳ ಸಲ ಹಚ್ಚಿ ನೋಡೇನ್ರಿ."

ಆಗ ಅವಳಿಗೆ ನನ್ನ ಗಂಡನ ವಿಷಯ ಹೇಳಿದೆ. ಕೈ ಹಿಚುಕುವ ರೂಢಿ, ಆ ಪುಟವನ್ನು ಅವರು ಬಾಯಿಪಾಠ ಮಾಡಿದ್ದು, ಕಾಯುತ್ತ ಕೂತದ್ದು, ಎಲ್ಲ. ಅವಳು ತಲೆ ತಗ್ಗಿಸಿದಳು. ಆ ಮಾತಿನ ತುಂಡನ್ನು ಬೇರೆ ಮಾಡಿ ಫೋನಿಗೆ ಕಳಿಸುತ್ತೇನೆ, ಅವರು ಮನೆಯಲ್ಲೇ ಕೇಳಲಿ ಅಂದಳು.

"ಅಳೂ ಕೂಸಿಗೆ ಬೆಲ್ಲಾ ಕೊಟ್ಟಂಗ ಕೊಡಬ್ಯಾಡ. ಪಿಕ್ಚರಿನ್ಯಾಗ ಇಲ್ಲಾಂದ್ರ ಇಲ್ಲ," ಅಂದೆ. ಆದರೂ ಊಟ ಮಾಡಿಸದೆ ಕಳಿಸಲಿಲ್ಲ.

ಅವಳು ಹೋದ ಮೇಲೆ ಪಾತ್ರೆ ತೊಳೆಯುತ್ತ ಯೋಚಿಸಿದೆ. ಆ ಹೆಂಗಸು ನಾನಾಗಿದ್ದರೆ ಮಗಳಿಗೆ ಒಂದು ಪುಟ ಮಾತಾಡುತ್ತಿದ್ದೆನೇ? ಇಲ್ಲ. ಎದ್ದು ಹೋಗಿ ಒಲೆಗೆ ಹಂಚು ಇಡುತ್ತಿದ್ದೆ. ಹುಡುಗಿ ಮಾಡಿದ್ದು ಸರಿ ಎಂದು ಗೊತ್ತಾಯಿತು, ಗೊತ್ತಾದದ್ದಕ್ಕೇ ಇನ್ನಷ್ಟು ಸಿಟ್ಟು ಬಂತು. ತಪ್ಪು ಅವಳದಾಗಿದ್ದರೆ ಎಷ್ಟು ಚೆನ್ನಾಗಿ ಬೈಯಬಹುದಿತ್ತು.

ಗಂಡನಿಗೆ ಸುತ್ತಿಬಳಸದೆ ಹೇಳಿದೆ. "ನನ್ನ ಮಾತು ತಗದಾರ್ರೀ."

"ಒಂದಕ್ಷರನೂ ಇಟ್ಟಿಲ್ಲೇನು?"

"ಇಲ್ಲ."

"ಹಂಗಾರ ಮತ್ತ ಕೈ ಹಿಚಕು," ಎಂದು ನಕ್ಕರು. ಆ ನಗು ನನಗೆ ಸೇರಲಿಲ್ಲ.

ಸಿನಿಮಾ ಅಲ್ಲಿ ಇಲ್ಲಿ ತಿರುಗಿ, ಕೊನೆಗೆ ನಮ್ಮೂರಿನಲ್ಲೂ ಒಂದು ಭಾನುವಾರ ಮಧ್ಯಾಹ್ನ ತೋರಿಸುವುದೆಂದಾಯಿತು. ಕಾಲನಿಯ ಸಭಾಭವನ, ಪ್ಲಾಸ್ಟಿಕ್ ಕುರ್ಚಿ, ಕಿಟಕಿಗಳಿಗೆಲ್ಲ ಕಪ್ಪು ಅರಿವೆ. ಸೌಂಡ್ ಬಾಕ್ಸು ಕೈಕೊಟ್ಟೀತೆಂದು ಗ್ಯಾರೇಜಿನ ಭಾಯಿ ತಮ್ಮ ಹತಾರಗಳ ಸಮೇತ ಮುಂದೆಯೇ ಕೂತಿದ್ದರು. ಖಾನಾವಳಿಯ ಗಿರಾಕಿಗಳು, ಮಿಲ್ಲಿನವರು, ಅವರ ಮನೆಯ ಹೆಂಗಸರು ಎಲ್ಲ ಬಂದಿದ್ದರು. ನನ್ನ ಗಂಡ ಅದೇ ಬಿಳಿ ಅಂಗಿಯಲ್ಲಿ ನನ್ನ ಪಕ್ಕ ಕೂತರು. ಅವರ ಕೈ ನನ್ನ ಕೈಯಲ್ಲಿತ್ತು.

ಕಿಟಕಿಯಲ್ಲಿ ನಾನು ಕಾಣಿಸಿಕೊಂಡ ಕಡೆ ಹಿಚುಕಿದೆ. ಅವರು ಮುಖ ಎತ್ತಿದರು. ಅಲ್ಲಿ ಕೇಳಲು ಬರೀ ಕಾಗೆಗಳಿದ್ದವು. ಬಿಟ್ಟೆ. ಕತೆ ಮುಂದೆ ಹೋಗುತ್ತ ಆ ದೃಶ್ಯ ಹತ್ತಿರ ಬಂದಂತೆ, ಬರಬಾರದಿತ್ತು, ಮನೆಯಲ್ಲೇ ಇರಬೇಕಿತ್ತು ಅನಿಸಿತು. ಮಾತಿಲ್ಲದ ಹೆಂಡತಿಯನ್ನು ಕತ್ತಲಲ್ಲಿ ಎಲ್ಲಿ ಹುಡುಕಿಯಾರು ಇವರು?

ಮಗಳು ಹೇಳಿದಳು, "ನಡಿ, ಹೋಗೂಣು." ತೆರೆಯ ಮೇಲೆ ನಾನು ನೋಡುತ್ತ ಕೂತೆ. ಭೋಂಗಾ ಕೂಗಿತು.

ಸಭಾಭವನದಲ್ಲಿ ಕುರ್ಚಿಗಳು ಕಿರುಗುಟ್ಟಿದವು. ನಾಲ್ಕಾರು ಹೆಂಗಸರು ಅರ್ಧ ಎದ್ದು, ಇದು ಸಿನಿಮಾದ ಭೋಂಗಾ ಎಂದು ತಿಳಿದು, ನಗುತ್ತ ಕೂತರು. ಆಮೇಲೆ ತೆರೆಯ ಮೇಲೆ ನಾನು ಒಳಗೆ ಹೋಗುವುದನ್ನು ನೋಡಿ ಅವರ ನಗು ನಿಂತಿತು. ಅಲ್ಲಿದ್ದ ಯಾರಿಗೂ ಏನೂ ಬಿಡಿಸಿ ಹೇಳಬೇಕಾಗಿರಲಿಲ್ಲ. ಹಿಟ್ಟು ನಾದಿದ ಸಪ್ಪಳ ಬಂತು, ರೊಟ್ಟಿ ಬಡಿಯುವ ಸಪ್ಪಳ ಬಂತು. ಇಡೀ ಭವನದಲ್ಲಿ ಬೇರೆ ಸದ್ದಿಲ್ಲ. ಹಿಚುಕಬೇಕೆಂದು ನಾನು ಬೆರಳು ಬಿಗಿ ಮಾಡಿದೆ.

ಟಕ್ ಟಕ್.

ನನ್ನ ಗಂಡ ನನ್ನ ಕೈಯಿಂದ ತಮ್ಮ ಕೈ ಬಿಡಿಸಿಕೊಂಡರು.

"ಹಿಚಕಬ್ಯಾಡ," ಎಂದರು ಎಲ್ಲರಿಗೂ ಕೇಳುವ ಹಾಗೆ. "ನೀನ ಅದಿ. ನಾ ಗೇಟಿನಿಂದ ಬರಾಕತ್ತೇನಿ."